ತೋಟದ ಮನೆಯಿಂದ ಆನ್‌ಕಾಲ್: ಉತ್ತರ ಕೊಡಗಿನ ಒಂದು ಹೈಬ್ರಿಡ್ ಕೆಲಸದ ಪ್ರಕರಣ ಅಧ್ಯಯನ

2023ರ ಜುಲೈ, ಒಂದು ಬುಧವಾರ. ರಾತ್ರಿ 10 ಗಂಟೆ 20 ನಿಮಿಷಕ್ಕೆ ಉತ್ತರ ಕೊಡಗಿನ ಒಂದು ತೋಟದ ಮನೆಯಲ್ಲಿ ಯುಪಿಎಸ್ ಮೂರು ಸಲ ಕೂಗಿ ಆರಿಹೋಯಿತು. ನಾಲ್ಕು ನಿಮಿಷದ ನಂತರ, ಆ ಮನೆಯಿಂದ ಒಬ್ಬ ಮಹಿಳಾ ಇಂಜಿನಿಯರ್ ನಡೆಸುತ್ತಿದ್ದ ಒಂದು ಡೇಟಾಬೇಸ್ ಮೈಗ್ರೇಶನ್ (ಡೇಟಾಬೇಸಿನ ರಚನೆ ಬದಲಿಸುವ ಕೆಲಸ) ಅರ್ಧ ದಾರಿಯಲ್ಲಿ ಸತ್ತಿತು. 11 ಗಂಟೆಗೆ ಗ್ರಾಹಕ ಸಂಸ್ಥೆಗೆ ಹೋಗಬೇಕಿದ್ದ ಲೆಕ್ಕದ ಫೈಲ್ ನಡುರಾತ್ರಿ ದಾಟಿ 1 ಗಂಟೆ 10 ನಿಮಿಷಕ್ಕೆ ಹೋಯಿತು. ಹಣ ಯಾರದ್ದೂ ಹೋಗಲಿಲ್ಲ, ಗ್ರಾಹಕ ಸಂಸ್ಥೆಯಿಂದ ಕಾಗದ ಮಾತ್ರ ಬಂತು. ಅಲ್ಲಿಂದ ಮುಂದಿನ ಮಳೆಗಾಲ ಮುಗಿಯುವವರೆಗೆ ಅವರ ತಂಡ ಏನೇನು ಮಾಡಿತು, ಎಲ್ಲಿ ಎಡವಿತು ಎಂಬುದನ್ನು ಇಲ್ಲಿ ಬರೆದಿದೆ. ಯಾರ ಗುರುತೂ ಸಿಗದಂತೆ ಊರು, ಕಂಪನಿ, ಮನೆಯವರ ವಿವರಗಳನ್ನು ಬದಲಿಸಿದೆ.

ಹಿನ್ನೆಲೆ

ಈಕೆ 11 ವರ್ಷ ಅನುಭವದ ಬ್ಯಾಕೆಂಡ್ ಇಂಜಿನಿಯರ್. ವ್ಯಾಪಾರಿಗಳಿಗೆ ಸಂದಾಯವಾಗಬೇಕಾದ ಹಣದ ಲೆಕ್ಕ ಹೊಂದಿಸಿ ಪ್ರತಿ ರಾತ್ರಿ ಫೈಲ್ ಕಳಿಸುವುದು ಅವರ ತಂಡದ ಹೊಣೆ. ತಂಡದಲ್ಲಿ 7 ಮಂದಿ: ಐವರು ಬೆಂಗಳೂರಿನಲ್ಲಿ, ಒಬ್ಬರು ಹುಬ್ಬಳ್ಳಿಯಲ್ಲಿ, ಈಕೆ ಕೊಡಗಿನಲ್ಲಿ. 2020ರ ಮಾರ್ಚ್‌ನಲ್ಲಿ ಲಾಕ್‌ಡೌನ್ ಆದಾಗ ಎಲ್ಲರಂತೆ ಊರಿಗೆ ಬಂದವರು, ತಂದೆಗೆ ಬೈಪಾಸ್ ಆದ ಮೇಲೆ ಊರಲ್ಲೇ ಉಳಿದರು. 12 ಎಕರೆ ತೋಟ. ಮೇಲಿನ ಬರೆಯಲ್ಲಿ ಅರೇಬಿಕಾ ಕಾಫಿ, ಗದ್ದೆಯ ಕಡೆಗೆ ರೋಬಸ್ಟಾ, ಸಿಲ್ವರ್ ಮರಗಳಿಗೆ ಹಬ್ಬಿಸಿದ ಮೆಣಸು. ಹತ್ತಿರದ ಪೇಟೆ 9 ಕಿ.ಮೀ.

2023ರ ಆರಂಭದಲ್ಲಿ ಕಂಪನಿ ವಾರಕ್ಕೆ 3 ದಿನ ಆಫೀಸ್ ಕಡ್ಡಾಯ ಮಾಡಿತು. ಮ್ಯಾನೇಜರ್ ಈಕೆಗೆ ಬಾಯಿಮಾತಿನಲ್ಲಿ ವಿನಾಯಿತಿ ಕೊಟ್ಟರು: ತಿಂಗಳಿಗೆ ಒಂದು ವಾರ ಬಂದುಹೋದರೆ ಸಾಕು. ಬರಹದಲ್ಲಿ ಏನೂ ಇರಲಿಲ್ಲ. ಏಳು ವಾರಕ್ಕೊಮ್ಮೆ ಆನ್‌ಕಾಲ್ ಸರದಿ, ಅಂದರೆ ಆ ವಾರ ಯಾವ ಹೊತ್ತಿಗೆ ತೊಂದರೆಯಾದರೂ ನೋಡುವ ಹೊಣೆ. ಅಲಾರಂ ಬಂದ 5 ನಿಮಿಷದಲ್ಲಿ ಒಪ್ಪಿಕೊಳ್ಳಬೇಕು, 15 ನಿಮಿಷದಲ್ಲಿ ಕೆಲಸಕ್ಕೆ ಕೂರಬೇಕು. ಈ ನಿಯಮ ಬರೆದವರ ಮನಸ್ಸಿನಲ್ಲಿ ಇದ್ದದ್ದು ಬೆಂಗಳೂರಿನ ಅಪಾರ್ಟ್‌ಮೆಂಟ್. ಅಲ್ಲಿ ಕರೆಂಟ್ ಹೋದರೆ ಅರ್ಧ ನಿಮಿಷದಲ್ಲಿ ಜನರೇಟರ್ ಓಡುತ್ತದೆ.

ಮನೆಯಲ್ಲಿದ್ದ ಏರ್ಪಾಡು ಇಷ್ಟು: ಪೇಟೆಯ ಕೇಬಲ್ ಆಪರೇಟರ್ ಕೊಟ್ಟ 100 ಎಂಬಿಪಿಎಸ್ ಫೈಬರ್, ಇಡೀ ಮನೆಗೆ ಸೇರಿದ ಒಂದೇ ಯುಪಿಎಸ್, ಅದಕ್ಕೆ ನಾಲ್ಕು ವರ್ಷ ಹಳೆಯ 150 ಎಎಚ್ (ಆಂಪಿಯರ್-ಅವರ್) ಟ್ಯೂಬ್ಯುಲರ್ ಬ್ಯಾಟರಿ, ಅದೂ ಕೈಕೊಟ್ಟರೆ ಪಡುವಣ ಕಿಟಕಿಯ ಹತ್ತಿರ ಒಂದು ಕಡ್ಡಿ ಸಿಗ್ನಲ್ ತೋರಿಸುವ ಫೋನಿನ ಹಾಟ್‌ಸ್ಪಾಟ್. ಬಿಸಿಲುಗಾಲದಲ್ಲಿ ಇಷ್ಟು ಸಾಕಾಗುತ್ತಿತ್ತು. ಮೂರು ವರ್ಷ ಹೇಗೋ ನಡೆದದ್ದರಿಂದ ಮಳೆಗಾಲಕ್ಕೂ ಸಾಕು ಎಂದು ಎಲ್ಲರೂ ನಂಬಿದ್ದರು.

ಆ ರಾತ್ರಿ

ಸಂಜೆ 6.30ಕ್ಕೆ ಹನ್ನೊಂದು ಕೆವಿ ಲೈನಿನ ಮೇಲೆ ಮರ ಬಿದ್ದು ಕರೆಂಟ್ ಹೋಗಿತ್ತು. ರಿಲೀಸ್, ಅಂದರೆ ಹೊಸ ಆವೃತ್ತಿ ಹಾಕುವ ಕೆಲಸ, 9.40ಕ್ಕೆ. ಯುಪಿಎಸ್ ಓಡುತ್ತಿದೆ, ಫೈಬರ್ ಬರುತ್ತಿದೆ, ಮುಂದೂಡುವುದೇಕೆ ಎಂದು ಶುರು ಮಾಡಿದರು. 40 ಲಕ್ಷ ಸಾಲುಗಳ ಟೇಬಲ್ಲಿಗೆ ಹೊಸ ಕಾಲಂ ಸೇರಿಸಿ, ಐದೈದು ಸಾವಿರ ಸಾಲುಗಳಂತೆ ಹಳೆಯ ಮೌಲ್ಯ ತುಂಬುವ ಸ್ಕ್ರಿಪ್ಟ್ ಅದು. ಈಕೆ ತಮ್ಮ ಲ್ಯಾಪ್‌ಟಾಪಿನಿಂದ ಎಸ್‌ಎಸ್‌ಎಚ್ (ದೂರದ ಕಂಪ್ಯೂಟರಿಗೆ ಸುರಕ್ಷಿತ ಸಂಪರ್ಕ) ಮೂಲಕ, ಕಂಪನಿಯ ಒಳಜಾಲಕ್ಕೆ ಬಾಗಿಲಿನಂತಿರುವ ಜಂಪ್ ಸರ್ವರಿಗೆ ಹೋಗಿ, ಅಲ್ಲಿ ನೇರವಾಗಿ, ಸಂಪರ್ಕ ಕಡಿದರೂ ಕೆಲಸ ಓಡುತ್ತಿರುವಂತೆ ಮಾಡುವ ಟಿಮಕ್ಸ್ ಕೂಡ ಇಲ್ಲದೆ ಓಡಿಸಿದ್ದರು.

10.20ಕ್ಕೆ ಯುಪಿಎಸ್ ಆರಿತು. ಲ್ಯಾಪ್‌ಟಾಪ್ ತನ್ನ ಬ್ಯಾಟರಿಯಲ್ಲಿ ಉಳಿಯಿತು, ಫೈಬರ್ ಮೋಡೆಮ್ ಉಳಿಯಲಿಲ್ಲ. ಆಚೆ ಬದಿಯ ಸರ್ವರ್ ನಾಲ್ಕು ನಿಮಿಷ ಉತ್ತರಕ್ಕೆ ಕಾದು, ಸಂಪರ್ಕ ಸತ್ತಿದೆ ಎಂದು ಸೆಷನ್ ಮುಚ್ಚಿತು. ಆಗ ಅದರಡಿ ಓಡುತ್ತಿದ್ದ ಸ್ಕ್ರಿಪ್ಟಿಗೂ ಹ್ಯಾಂಗ್‌ಅಪ್ ಸಿಗ್ನಲ್ ಹೋಗಿ ಅದೂ ಸತ್ತಿತು. ಆದರೆ ‘ಮೈಗ್ರೇಶನ್ ನಡೆಯುತ್ತಿದೆ, ಬೇರೆ ಯಾರೂ ಬರಬೇಡಿ’ ಎಂದು ಅದು ಡೇಟಾಬೇಸಿನಲ್ಲಿ ಬರೆದಿಟ್ಟಿದ್ದ ಬೀಗದ ಸಾಲು ಹಾಗೇ ಉಳಿಯಿತು. ಲಿಕ್ವಿಬೇಸ್‌ನಂಥ ಮೈಗ್ರೇಶನ್ ಸಲಕರಣೆ ಬಳಸಿದವರಿಗೆ ಈ ಬೀಗದ ಪರಿಚಯ ಇರುತ್ತದೆ: ಹಾಕಿದವನು ಸತ್ತರೆ ತಾನಾಗಿ ಬಿಚ್ಚಿಕೊಳ್ಳುವುದಿಲ್ಲ. ಹೊಸ ಆವೃತ್ತಿಯ ಸರ್ವಿಸ್ ಶುರುವಾಗುವಾಗಲೇ ಬೀಗ ಬಿಡಲಿ ಎಂದು ಕಾಯುತ್ತಾ ನಿಂತಿತು. ಫೈಲ್ ತಯಾರಾಗಲಿಲ್ಲ.

ಬೆಂಗಳೂರಿನ ಸಹೋದ್ಯೋಗಿಗೆ ಬೀಗ ಕಾಣುತ್ತಿತ್ತು. ತೆಗೆದರೆ ಏನಾಗುತ್ತದೆ, ಎಷ್ಟು ಸಾಲು ಮುಗಿದಿವೆ, ಉಳಿದದ್ದನ್ನು ಎಲ್ಲಿಂದ ಮುಂದುವರಿಸಬೇಕು ಎಂಬುದು ಗೊತ್ತಿರಲಿಲ್ಲ. ಅದು ಈಕೆಯ ತಲೆಯಲ್ಲಿ ಮಾತ್ರ ಇತ್ತು. ಫೋನ್ ಸಿಗುತ್ತಿರಲಿಲ್ಲ. ಊರಿಗೆಲ್ಲ ಕರೆಂಟ್ ಹೋದಾಗ ಎಲ್ಲರ ವೈಫೈಯೂ ಹೋಗಿ ಇಡೀ ಊರು ಒಂದೇ ಟವರಿಗೆ ಜೋತುಬೀಳುತ್ತದೆ. ಆ ಮಳೆಯಲ್ಲಿ, ಆನೆ ಓಡಾಡುವ ದಾರಿಯಲ್ಲಿ, ತಮ್ಮನೊಡನೆ ಜೀಪಿನಲ್ಲಿ ಮೇಲಿನ ರಸ್ತೆಯ ತಿರುವಿಗೆ ಹೋಗಿ ಸಿಗ್ನಲ್ ಹಿಡಿದಾಗ 12.30 ದಾಟಿತ್ತು. ಫೋನಿನಲ್ಲಿ ಹೇಳಿದ್ದು ಎರಡು ಕಮಾಂಡ್. ಉಳಿದದ್ದು 35 ನಿಮಿಷದಲ್ಲಿ ಮುಗಿಯಿತು.

ಒಂದು ಸಾಲಿನ ತಪ್ಪು

ಮರುದಿನದ ವರದಿಯಲ್ಲಿ ‘ಮೂಲ ಕಾರಣ’ ಎಂಬ ಜಾಗದಲ್ಲಿ ಬರೆದದ್ದು: ದೂರದಿಂದ ಕೆಲಸ ಮಾಡುವ ಸಿಬ್ಬಂದಿಯ ಇಂಟರ್ನೆಟ್ ಕಡಿತ. ಈ ಇಡೀ ಪ್ರಕರಣದಲ್ಲಿ ದುಬಾರಿಯಾದ ತಪ್ಪು ಇದೇ, ಯುಪಿಎಸ್ ಆರಿದ್ದಲ್ಲ. ಕಾರಣ ‘ದೂರ’ ಎಂದು ಬರೆದ ಮೇಲೆ ಪರಿಹಾರ ‘ಹತ್ತಿರ’ ಎಂದೇ ಆಗಬೇಕಲ್ಲ. ಬಾಯಿಮಾತಿನ ವಿನಾಯಿತಿ ಬಾಯಿಮಾತಿನಲ್ಲೇ ಹೋಯಿತು. ಆಗಸ್ಟ್‌ನಿಂದ ವಾರಕ್ಕೆ 3 ದಿನ ಬೆಂಗಳೂರು.

ಕೊಡಗಿಗೆ ರೈಲಿಲ್ಲ. ಮನೆಯಿಂದ ಬೆಂಗಳೂರಿಗೆ ಬಸ್ಸಿನಲ್ಲಿ ಆರೂವರೆ-ಏಳು ಗಂಟೆ. ಸೋಮವಾರ ರಾತ್ರಿ ಹೊರಟು ಮಂಗಳವಾರ ಬೆಳಗ್ಗೆ ಪಿಜಿಯಲ್ಲಿ ಸ್ನಾನ ಮಾಡಿ ಆಫೀಸ್, ಗುರುವಾರ ರಾತ್ರಿ ವಾಪಸ್. ಶುಕ್ರವಾರ ಮಧ್ಯಾಹ್ನದವರೆಗೆ ಕೋಡ್ ರಿವ್ಯೂ (ಇನ್ನೊಬ್ಬರ ಕೋಡಿನ ಪರಿಶೀಲನೆ) ಮಾಡಿದರೆ ಅದೇ ದೊಡ್ಡದು. ಸೆಪ್ಟೆಂಬರಿನ ಆನ್‌ಕಾಲ್ ಸರದಿಯಲ್ಲಿ ಬಂದ ಅಲಾರಂ ಹುಣಸೂರು ದಾಟಿದ ಬಸ್ಸಿನೊಳಗೆ ಬಂತು. ಅಂದರೆ, ಆನ್‌ಕಾಲ್ ಅಪಾಯ ಕಡಿಮೆಯಾಗಲಿಲ್ಲ. ತೋಟದ ಮನೆಯಿಂದ ಬಸ್ಸಿಗೆ ಹತ್ತಿತು, ಅಷ್ಟೇ.

ನ್ಯಾಯವಾಗಿ ಹೇಳಬೇಕೆಂದರೆ ಆಫೀಸಿನಿಂದ ಒಂದು ಲಾಭವೂ ಆಯಿತು. ಎರಡನೇ ವಾರ ಚಹಾ ಕುಡಿಯುವಾಗ, ಒಂದು ಹಳೆಯ ಕ್ಯೂ (ಕೆಲಸಗಳನ್ನು ಸಾಲಾಗಿ ಕಾಯಿಸಿಡುವ ವ್ಯವಸ್ಥೆ) ತೆಗೆದುಹಾಕಲು ತಂಡ ತೀರ್ಮಾನಿಸಿ ತಿಂಗಳಾಗಿದೆ ಎಂದು ಗೊತ್ತಾಯಿತು. ಎಲ್ಲೂ ಬರೆದಿರಲಿಲ್ಲ. ಹುಬ್ಬಳ್ಳಿಯವರಿಗೂ ಗೊತ್ತಿರಲಿಲ್ಲ. ಐದು ಜನ ಒಂದೇ ಮೇಜಿನ ಸುತ್ತ ಕೂತಿದ್ದರೆ ಬರೆಯುವ ಅಗತ್ಯ ಅವರಿಗೆ ಕಾಣುವುದಿಲ್ಲ. ಹೈಬ್ರಿಡ್ ತಂಡಗಳಲ್ಲಿ ದೂರದವರನ್ನು ನೋಯಿಸುವುದು ಹೆಚ್ಚಾಗಿ ಈ ಬರೆಯದ ಮಾತೇ. ಇಂಟರ್ನೆಟ್ ವೇಗ ಅದರ ನಂತರದ್ದು.

ಅಕ್ಟೋಬರ್ ಕೊನೆಗೆ ಈಕೆ ರಾಜೀನಾಮೆಯ ಮಾತು ತೆಗೆದರು. ಅಷ್ಟರಲ್ಲಿ ಮ್ಯಾನೇಜರ್ ಬದಲಾಗಿದ್ದರು. ಹೊಸಬರು ಮಾಡಿದ ಮೊದಲ ಕೆಲಸ ಜುಲೈ ವರದಿಯನ್ನು ನಿಮಿಷ ನಿಮಿಷವಾಗಿ ಮತ್ತೆ ಬರೆಸಿದ್ದು. ಸಭೆಯಲ್ಲಿ ಅವರು ಕೇಳಿದ್ದು ಒಂದೇ ಪ್ರಶ್ನೆ: “ಮೇಡಂ, ಇದೇ ಲ್ಯಾಪ್‌ಟಾಪ್ ಆಫೀಸಲ್ಲಿ ನಮ್ಮ ಮುಂದೆಯೇ ಹ್ಯಾಂಗ್ ಆಗಿದ್ರೆ ಬೀಗ ಬಿಚ್ಚೋದು ಯಾರಿಗೆ ಗೊತ್ತಿತ್ತು?” ಯಾರಿಗೂ ಗೊತ್ತಿರಲಿಲ್ಲ. ಅಲ್ಲಿಗೆ ‘ಇಂಟರ್ನೆಟ್ ಕಡಿತ’ ಎಂಬ ಒಂದು ಕಾರಣ ಒಡೆದು ನಾಲ್ಕಾಯಿತು: ವಿದ್ಯುತ್, ಸಂಪರ್ಕ, ಲ್ಯಾಪ್‌ಟಾಪಿಗೆ ಕಟ್ಟಿದ ಕೆಲಸ, ಒಬ್ಬರ ತಲೆಯಲ್ಲಿದ್ದ ತಿಳಿವಳಿಕೆ. ಕೊನೆಯ ಎರಡಕ್ಕೆ ಖರ್ಚಿಲ್ಲ, ಅವನ್ನು ಮೊದಲು ಹಿಡಿದರು.

ಖರ್ಚಿಲ್ಲದ ರಿಪೇರಿ

ಯಾರ ಲ್ಯಾಪ್‌ಟಾಪಿನಿಂದಲೂ ಮೈಗ್ರೇಶನ್ ಓಡಿಸಬಾರದು ಎಂಬುದು ಮೊದಲ ನಿಯಮ, ಬೆಂಗಳೂರಿನವರಿಗೂ ಅನ್ವಯ. ಅದು ಕ್ಲಸ್ಟರಿನೊಳಗೆ (ಕಂಪನಿಯ ಸರ್ವರುಗಳ ಗುಂಪು) ಒಂದು ಜಾಬ್ ಆಗಿ ಓಡುತ್ತದೆ; ಇಂಜಿನಿಯರ್ ಒತ್ತುವುದು ಗುಂಡಿ ಮಾತ್ರ. ಒತ್ತಿದ ಮೇಲೆ ಅವರ ಮನೆಯಲ್ಲಿ ಏನಾದರೂ ಜಾಬ್‌ಗೆ ಲೆಕ್ಕವಿಲ್ಲ. ಎಷ್ಟನೇ ಕಂತು ಮುಗಿದಿದೆ ಎಂದು ಸ್ಕ್ರಿಪ್ಟ್ ಟೇಬಲ್ಲಿನಲ್ಲೇ ಬರೆದಿಡುತ್ತದೆ, ಹಾಗಾಗಿ ನಿಂತಲ್ಲಿಂದ ಯಾರು ಬೇಕಾದರೂ ಮುಂದುವರಿಸಬಹುದು.

ಎರಡನೆಯದು, ರಿಲೀಸಿಗೆ ಇಬ್ಬರು: ಒಬ್ಬರು ಓಡಿಸುವವರು, ಒಬ್ಬರು ಕಾವಲು. ಇಬ್ಬರೂ ಬೇರೆ ಊರಲ್ಲಿ, ಬೇರೆ ನೆಟ್‌ವರ್ಕಿನಲ್ಲಿ ಇರಬೇಕು. ಓಡಿಸುವವರಿಂದ 10 ನಿಮಿಷ ಸದ್ದಿಲ್ಲದಿದ್ದರೆ ಕಾವಲಿನವರು ಫೋನ್ ಹಚ್ಚುತ್ತಾ ಕೂರುವುದಿಲ್ಲ, ಕೇಳದೆ ಕೆಲಸ ಕೈಗೆತ್ತಿಕೊಳ್ಳುತ್ತಾರೆ. ‘ಕೇಳದೆ’ ಎಂಬ ಪದಕ್ಕೆ ಎರಡು ಸಭೆ ಹಿಡಿಯಿತು. ಹಿರಿಯರ ಕೆಲಸಕ್ಕೆ ಕೈಹಾಕಲು ಕಿರಿಯರಿಗೆ ಸಂಕೋಚ. ಕೊನೆಗೆ ಅದನ್ನು ಅನುಮತಿ ಎಂದು ಬರೆಯದೆ ಕರ್ತವ್ಯ ಎಂದೇ ಬರೆದರು.

ಮೂರನೆಯದರಲ್ಲಿ ಎಲ್ಲರ ಕಣ್ಣು ತೆರೆಯಿತು. ರೋಲ್‌ಬ್ಯಾಕ್ (ಬದಲಾವಣೆಯನ್ನು ಹಿಂದಿನ ಸ್ಥಿತಿಗೆ ಮರಳಿಸುವುದು) ಹೇಗೆ ಎಂದು ಈಕೆ 6 ಹೆಜ್ಜೆಗಳಲ್ಲಿ ಬರೆದುಕೊಟ್ಟರು. ತಂಡಕ್ಕೆ ಹೊಸದಾಗಿ ಸೇರಿದವರೊಬ್ಬರು, ಪರೀಕ್ಷೆಗೆಂದೇ ಇರುವ ಸ್ಟೇಜಿಂಗ್‌ನಲ್ಲಿ ಅದನ್ನು ಓದಿಕೊಂಡೇ ಮಾಡಬೇಕು, ಈಕೆ ಬಾಯಿ ಬಿಡುವಂತಿಲ್ಲ. ಎರಡನೇ ಹೆಜ್ಜೆಯಲ್ಲೇ ನಿಂತರು: ‘ಸರ್ವಿಸ್ ನಿಲ್ಲಿಸಿ’ ಎಂದರೆ ಎಲ್ಲಿಂದ, ಯಾವ ಅಕೌಂಟಿನಿಂದ? ಮೂರು ಸಲ ತಿದ್ದಿದ ಮೇಲೆ ಹೆಜ್ಜೆಗಳು 14 ಆದವು. ಬಿಟ್ಟುಹೋಗಿದ್ದ 8 ಹೆಜ್ಜೆ ಬಲ್ಲವರ ಕೈಗೆ ಅಭ್ಯಾಸವಾಗಿ ಕಣ್ಣಿಗೆ ಕಾಣದೆ ಹೋದವು.

ಇದರ ಜೊತೆ ಒಂದು ಸಣ್ಣ ಪದ್ಧತಿ: ಕರೆಂಟ್ ಹೋದ ಕೂಡಲೇ ಒಂದು ಎಸ್‌ಎಂಎಸ್. “ಕರೆಂಟ್ ಇಲ್ಲ, ಫೈಬರ್ ಇದೆ, ಬ್ಯಾಟರಿ 15 ಗಂಟೆ.” ಡೇಟಾ ಅಲುಗಾಡದ ಸಿಗ್ನಲ್ಲಿನಲ್ಲೂ ಎಸ್‌ಎಂಎಸ್ ತೆವಳಿಕೊಂಡಾದರೂ ಹೋಗುತ್ತದೆ. ವಾಟ್ಸಾಪ್ ಹೋಗುವುದಿಲ್ಲ.

ವಿದ್ಯುತ್ತಿನ ಲೆಕ್ಕ

150 ಎಎಚ್ ಬ್ಯಾಟರಿ ನಾಲ್ಕು ಗಂಟೆಯೂ ಯಾಕೆ ಬರಲಿಲ್ಲ? ಪ್ಲಗ್ಗಿಗೆ ಸಿಕ್ಕಿಸುವ ವ್ಯಾಟ್ ಮೀಟರ್ ತಂದು ಅಳೆದರು. ಲ್ಯಾಪ್‌ಟಾಪ್ ಸರಾಸರಿ 38 ವ್ಯಾಟ್, ಹೊರಗಿನ ಮಾನಿಟರ್ 24, ಫೈಬರ್ ಮೋಡೆಮ್ 9, ವೈಫೈ ರೂಟರ್ 7: ಕೆಲಸದ ಕೋಣೆಯದ್ದು 78. ಅದರ ಮೇಲೆ ಫ್ರಿಜ್ ಸರಾಸರಿ 60, ಆರು ಬಲ್ಬು 54, ಟಿವಿ 48. ಒಟ್ಟು 240. ಇನ್ವರ್ಟರಿನ ನಷ್ಟ ಸೇರಿದರೆ ಬ್ಯಾಟರಿಯಿಂದ ಎಳೆಯುತ್ತಿದ್ದದ್ದು ಸುಮಾರು 280 ವ್ಯಾಟ್. ಬ್ಯಾಟರಿ ಹೊಸದಿದ್ದಾಗ 12 ವೋಲ್ಟ್ × 150 = 1800 ವ್ಯಾಟ್-ಅವರ್; ನಾಲ್ಕು ವರ್ಷದಲ್ಲಿ ಉಳಿದದ್ದು ಶೇ. 60ರಷ್ಟು, ಅಂದರೆ 1080. ಭಾಗಿಸಿದರೆ 3 ಗಂಟೆ 50 ನಿಮಿಷ. 6.30ಕ್ಕೆ ಕೂಡಿಸಿ ನೋಡಿ, 10.20. ಆ ರಾತ್ರಿ ಯಾವ ಅಚ್ಚರಿಯೂ ನಡೆದಿರಲಿಲ್ಲ. ಬೆಳಿಗ್ಗೆಯೇ ಲೆಕ್ಕ ಹಾಕಿದ್ದರೆ ಆರುವ ನಿಮಿಷ ಸಿಗುತ್ತಿತ್ತು.

ಪರಿಹಾರ ಇನ್ನೂ ದೊಡ್ಡ ಯುಪಿಎಸ್ ತರುವುದಲ್ಲ. ಮನೆಯ ಯುಪಿಎಸ್ ಮನೆಗೇ ಬಿಟ್ಟು ಕೆಲಸದ ಕೋಣೆಗೆ ಬೇರೆ ಬ್ಯಾಟರಿ ಇಟ್ಟರು: 12.8 ವೋಲ್ಟ್, 100 ಎಎಚ್ ಲಿಥಿಯಂ ಐರನ್ ಫಾಸ್ಫೇಟ್. ಇದರಲ್ಲಿ ಶೇ. 90 ಬಳಸಿದರೂ ತೊಂದರೆಯಿಲ್ಲ, ಸುಮಾರು 1150 ವ್ಯಾಟ್-ಅವರ್ ಸಿಗುತ್ತದೆ. ಇನ್ವರ್ಟರನ್ನು ನಡುವಿನಿಂದ ತೆಗೆದೇಬಿಟ್ಟರು. ಲ್ಯಾಪ್‌ಟಾಪಿಗೆ ಕಾರಿನಲ್ಲಿ ಬಳಸುವ 65 ವ್ಯಾಟಿನ ಟೈಪ್-ಸಿ ಚಾರ್ಜರ್. ಮೋಡೆಮ್, ರೂಟರ್ ಎರಡಕ್ಕೂ 12 ವೋಲ್ಟ್ ಡಿಸಿ ನೇರವಾಗಿ, ಆದರೆ ನಡುವೆ ಒಂದು ಡಿಸಿ-ಡಿಸಿ ರೆಗ್ಯುಲೇಟರ್ ಮತ್ತು 5 ಆಂಪಿಯರ್ ಫ್ಯೂಸ್. ರೆಗ್ಯುಲೇಟರ್ ಬಿಡಬಾರದು: ಚಾರ್ಜ್ ಆಗುವಾಗ ಈ ಬ್ಯಾಟರಿ 14.4 ವೋಲ್ಟಿಗೆ ಏರುತ್ತದೆ, 12 ವೋಲ್ಟಿನ ಮೋಡೆಮ್ ಎಲ್ಲವೂ ಅದನ್ನು ತಾಳುವುದಿಲ್ಲ. ಕರೆಂಟ್ ಇಲ್ಲದಾಗ ಮಾನಿಟರ್ ಬಂದ್. ಒಟ್ಟು ಎಳೆತ 60 ವ್ಯಾಟ್; 19 ಗಂಟೆ, ಅಂದರೆ ಎರಡು ಕೆಲಸದ ದಿನ.

ಅಷ್ಟೂ ಮುಗಿದರೆ ಜನರೇಟರ್. ಇಲ್ಲಿ ಬಹಳ ಜನ ಎಡವುತ್ತಾರೆ. ಮನೆಯ ಯುಪಿಎಸ್ ಟ್ಯೂಬ್ಯುಲರ್ ಬ್ಯಾಟರಿಯನ್ನು 12-15 ಆಂಪಿಯರಿನಲ್ಲಿ ಚಾರ್ಜ್ ಮಾಡುತ್ತದೆ. ಒಂದು ಕೆವಿಎ ಪೆಟ್ರೋಲ್ ಜನರೇಟರ್ ಮೂರು ಗಂಟೆ ಓಡಿಸಿದರೂ ಒಳಗೆ ಹೋಗುವುದು 40 ಎಎಚ್ ಆಸುಪಾಸು. ಪೆಟ್ರೋಲ್ ಸುಟ್ಟದ್ದು ಸದ್ದಿಗೆ. ಲಿಥಿಯಂಗೆ 20 ಆಂಪಿಯರಿನ ಪ್ರತ್ಯೇಕ ಚಾರ್ಜರ್ ಕೊಂಡದ್ದರಿಂದ ಅದೇ ಮೂರು ಗಂಟೆಯಲ್ಲಿ 60 ಎಎಚ್. ಸೋಲಾರ್ ಪ್ಯಾನೆಲ್ ಯಾಕಿಲ್ಲ ಎಂದು ಕೇಳುವವರು ಜೂನ್-ಜುಲೈಯಲ್ಲಿ ಒಮ್ಮೆ ಇಲ್ಲಿಗೆ ಬಂದು ಆಕಾಶ ನೋಡಬೇಕು.

ಮಳೆಗಾಲದ ಲೆಕ್ಕ ಮುಗಿಯಿತು ಎನ್ನುವಾಗ ಬೇಸಿಗೆಯಲ್ಲಿ ಒಂದು ವಿಚಿತ್ರ ನಡೆಯಿತು. 2024ರ ಮಾರ್ಚ್, ಕರೆಂಟ್ ಇದೆ, ಆದರೂ ಮನೆಯ ಯುಪಿಎಸ್ ಬ್ಯಾಟರಿ ದಿನಾ ಮಧ್ಯಾಹ್ನ ಖಾಲಿ. ಕಾಫಿ ಹೂ ಅರಳಲು ಬೇಕಾದ ಹೂಮಳೆ ಬಾರದೆ ಅಕ್ಕಪಕ್ಕದ ತೋಟದವರೆಲ್ಲ ಸ್ಪ್ರಿಂಕ್ಲರಿಗೆ ಮೋಟಾರ್ ಹಾಕಿದ್ದರು. ವೋಲ್ಟೇಜ್ 165ಕ್ಕೆ ಕುಸಿದಿತ್ತು. ಯುಪಿಎಸ್ ಹಿಂಬದಿಯ ಸ್ವಿಚ್ ‘ಯುಪಿಎಸ್ ಮೋಡ್’ನಲ್ಲಿತ್ತು. ಆ ಮೋಡಿನಲ್ಲಿ ಸಾಮಾನ್ಯವಾಗಿ 180ಕ್ಕಿಂತ ಕಡಿಮೆ ವೋಲ್ಟೇಜ್ ಬಂದರೆ ಅದು ಕರೆಂಟೇ ಇಲ್ಲವೆಂದು ತಿಳಿದು ಬ್ಯಾಟರಿಗೆ ಹೋಗುತ್ತದೆ. ‘ನಾರ್ಮಲ್ ಮೋಡ್’ಗೆ ಹಾಕಿದರೆ 100ರ ಸುತ್ತಿನವರೆಗೂ ಒಪ್ಪಿಕೊಳ್ಳುತ್ತದೆ. ಬದಲಾವಣೆಗೆ ತಗಲುವ ಕ್ಷಣ ಸ್ವಲ್ಪ ಹೆಚ್ಚಾಗುತ್ತದೆ, ಡೆಸ್ಕ್‌ಟಾಪ್ ಇದ್ದವರಿಗೆ ತೊಂದರೆ, ಲ್ಯಾಪ್‌ಟಾಪಿಗೆ ಗೊತ್ತೂ ಆಗುವುದಿಲ್ಲ. ಒಂದು ಸ್ವಿಚ್. ಅದಕ್ಕೆ ಮುನ್ನ ಹೊಸ ಬ್ಯಾಟರಿಗೆ ಅಂಗಡಿಯಲ್ಲಿ ಅಡ್ವಾನ್ಸ್ ಕೊಟ್ಟಾಗಿತ್ತು.

ದಾರಿಯ ಎರಡು ತುದಿ

ಫೈಬರ್ ಗಾಳಿ ಬಂದಾಗಲೆಲ್ಲ ಹೋಗಿಬರುತ್ತಿತ್ತು. ಮೋಡೆಮಿನ ಪುಟದಲ್ಲಿ ಆಪ್ಟಿಕಲ್ ಪವರ್, ಅಂದರೆ ಬಂದು ತಲುಪುವ ಬೆಳಕಿನ ಬಲ, ನೋಡಿದರೆ ಮೈನಸ್ 26.5 ಡಿಬಿಎಂ (ಮೈನಸ್ ಅಂಕಿ ದೊಡ್ಡದಾದಷ್ಟು ಬಲ ಕಡಿಮೆ). ಈ ಬಗೆಯ ಮೋಡೆಮ್‌ಗಳ ಮಿತಿ ಮೈನಸ್ 27ರ ಸುತ್ತ. ನೋಡಲು ಬಂದ ಆಪರೇಟರ್ ಕಡೆಯ ಹುಡುಗ ಕಂಬ ಹತ್ತುವ ಮೊದಲೇ ಹೇಳಿದ: “ಅಕ್ಕ, ಪವರ್ ಮೈನಸ್ ಇಪ್ಪತ್ತಾರೂವರೆ ಇದೆ. ಗಾಳಿ ಬಂದ್ರೆ ಹೋಯ್ತು ಅಂತಲೇ ಲೆಕ್ಕ.” ಕೇಬಲನ್ನು ಸಿಲ್ವರ್ ಮರಕ್ಕೆ ಬಿಗಿಯಾಗಿ ನಾಲ್ಕು ಸುತ್ತು ಸುತ್ತಿದ್ದರು, ಬಾಗಿದಲ್ಲೆಲ್ಲ ಬೆಳಕು ಸೋರುತ್ತಿತ್ತು. ಹಿಂದಿನ ವರ್ಷ ಕೊಂಬೆ ಬಿದ್ದು ತುಂಡಾದಲ್ಲಿ ಕೈಯಲ್ಲಿ ಸಿಕ್ಕಿಸಿದ ಜಾಯಿಂಟ್ ಇತ್ತು. ಸುತ್ತು ಬಿಚ್ಚಿ, ಜಾಯಿಂಟನ್ನು ಸ್ಪ್ಲೈಸಿಂಗ್ ಮೆಷಿನ್ನಿನಲ್ಲಿ ಬೆಸೆದ ಮೇಲೆ ಮೈನಸ್ 21. ಮೇ ತಿಂಗಳ ಮರಗಸಿಯಲ್ಲಿ (ನೆರಳಿನ ಮರಗಳ ಕೊಂಬೆ ಸವರುವ ಕೆಲಸ) ಕೇಬಲ್ ಹಾದುಹೋಗುವ ಸಾಲನ್ನು ಮೊದಲು ಮಾಡಿಸಿದರು.

ಸಿಡಿಲಿಗೂ ಇಲ್ಲೇ ಮದ್ದು. ಫೈಬರ್ ಗಾಜು, ಅದರಲ್ಲಿ ಸಿಡಿಲು ಹರಿಯುವುದಿಲ್ಲ ಎಂಬುದು ನಿಜ. ಆದರೆ ಕಂಬದಿಂದ ಮನೆಗೆ ಬರುವ ಕೇಬಲಿನಲ್ಲಿ ಬಲಕ್ಕೆಂದು ಹೆಚ್ಚಾಗಿ ಉಕ್ಕಿನ ತಂತಿ ಇರುತ್ತದೆ. ಅದನ್ನು ಹೊರಗೋಡೆಯ ಕೊಕ್ಕೆಯಲ್ಲೇ ಬೇರ್ಪಡಿಸಿ ನಿಲ್ಲಿಸಬೇಕು, ಮೋಡೆಮಿನವರೆಗೆ ಎಳೆಯಬಾರದು. ಇವರ ಮನೆಯಲ್ಲಿ ಎಳೆದಿದ್ದರು. ಹಿಂದಿನ ಏಪ್ರಿಲಿನಲ್ಲಿ ರೂಟರಿನ ಪೋರ್ಟ್ ಸುಟ್ಟದ್ದಕ್ಕೆ ಅದೇ ಕಾರಣವಿರಬಹುದು.

ಇಷ್ಟಾದರೂ ಕರೆಂಟ್ ಹೋಗಿ ಐದು ಗಂಟೆ ಆಗುತ್ತಲೇ ಫೈಬರ್ ನಿಲ್ಲುತ್ತಿತ್ತು. ಮೋಡೆಮಿಗೆ ಬ್ಯಾಟರಿ ಇದೆ, ಕೇಬಲ್ ತುಂಡಾಗಿಲ್ಲ. ನಾಲ್ಕು ಸಲದ ಸಮಯ ಬರೆದಿಟ್ಟಾಗ ಗುಟ್ಟು ತಿಳಿಯಿತು. ಪೇಟೆಗೂ ಮನೆಗೂ ನಡುವೆ ಬೆಳಕನ್ನು ಹಲವು ಮನೆಗಳಿಗೆ ಹಂಚುವ ಸ್ಪ್ಲಿಟರುಗಳಿಗೆ ಕರೆಂಟ್ ಬೇಕಿಲ್ಲ, ಆದರೆ ಎಲ್ಲ ಮನೆಗಳ ಫೈಬರ್ ಸೇರುವ, ಪೇಟೆಯ ತುದಿಯಲ್ಲಿರುವ ಓಎಲ್‌ಟಿ ಪೆಟ್ಟಿಗೆಗೆ ಬೇಕು. ಅಲ್ಲಿನ ಬ್ಯಾಟರಿ ಐದು ಗಂಟೆಯದ್ದು. ಜನರೇಟರ್ ಇತ್ತು, ರಾತ್ರಿ ಹೊತ್ತು ಡೀಸೆಲ್ ಯಾಕೆ ಸುಡಬೇಕು ಎಂದು ಹಾಕುತ್ತಿರಲಿಲ್ಲ. ಈಕೆ, ಒಬ್ಬ ಹೋಮ್‌ಸ್ಟೇ ಮಾಲೀಕರು ಮತ್ತು ಇನ್ನಿಬ್ಬರು ಸೇರಿ ಡೀಸೆಲಿಗೆ ಸ್ವಲ್ಪ ಹಣ ಕೊಟ್ಟರು. ಆನ್‌ಕಾಲ್ ವಾರದ ತಾರೀಕುಗಳನ್ನು ಆ ಹುಡುಗನ ಕ್ಯಾಲೆಂಡರಿನಲ್ಲೇ ಗುರುತು ಹಾಕಿಕೊಟ್ಟರು. ಮನೆಯ 19 ಗಂಟೆಯ ಬ್ಯಾಟರಿಗೆ ಅರ್ಥ ಬಂದದ್ದು ಆಮೇಲೆ.

ಎರಡನೇ ದಾರಿ 4ಜಿ. ಮನೆಯೊಳಗೆ ಸಿಗ್ನಲ್ ಮೈನಸ್ 114 ಡಿಬಿಎಂ, ಹೆಂಚಿನ ಮೇಲೆ ಮೈನಸ್ 98. ಹೊರಗಿಡುವ 4ಜಿ ರೂಟರನ್ನು 6 ಮೀಟರಿನ ಜಿಐ ಪೈಪಿನ ತುದಿಗೆ ಕಟ್ಟಿ ಟವರಿನ ಕಡೆ ತಿರುಗಿಸಿದಾಗ ಮೈನಸ್ 88. ಆಂಟೆನಾ ಮಾತ್ರ ಮೇಲಿಟ್ಟು ಉದ್ದದ ಕೋಆಕ್ಸಿಯಲ್ ಕೇಬಲ್ ಎಳೆದರೆ ಗಳಿಸಿದ್ದನ್ನು ಕೇಬಲೇ ತಿನ್ನುತ್ತದೆ. ಇಡೀ ರೂಟರನ್ನೇ ಮೇಲಿಟ್ಟು ಲ್ಯಾನ್ ಕೇಬಲಿನಲ್ಲೇ ವಿದ್ಯುತ್ ಕಳಿಸಿದ್ದು ಅದಕ್ಕೇ. ಪೈಪಿಗೆ ಪ್ರತ್ಯೇಕ ಅರ್ತಿಂಗ್, ಗುಡುಗಿದರೆ ಲ್ಯಾನ್ ಕೇಬಲ್ ಕಿತ್ತಿಡುವುದು. ವೇಗವನ್ನು ಮಧ್ಯಾಹ್ನ ಅಳೆದರೆ 18 ಎಂಬಿಪಿಎಸ್; ಕರೆಂಟಿಲ್ಲದ ರಾತ್ರಿ 8ಕ್ಕೆ 1.2. ನಂಬಬೇಕಾದದ್ದು ಎರಡನೆಯದನ್ನು. 1 ಎಂಬಿಪಿಎಸ್‌ನಲ್ಲಿ ಧ್ವನಿ ಮಾತ್ರದ ಕಾಲ್, ಚಾಟ್, ಟರ್ಮಿನಲ್ ಆರಾಮಾಗಿ ನಡೆಯುತ್ತವೆ. 2 ಜಿಬಿಯ ಡಾಕರ್ ಇಮೇಜ್ (ಪ್ರೋಗ್ರಾಂ ಓಡಲು ಬೇಕಾದದ್ದೆಲ್ಲ ಸೇರಿಸಿದ ಕಟ್ಟು) ಎಳೆಯುವುದು ನಡೆಯುವುದಿಲ್ಲ. ಆದ್ದರಿಂದ ಬಿಲ್ಡ್, ಟೆಸ್ಟ್ ಎಲ್ಲವೂ ಮುಂಬೈ ಡೇಟಾ ಸೆಂಟರಿನ ಕ್ಲೌಡ್ ಮೆಷಿನ್ನಿಗೆ ಹೋದವು.

ಕಂಪನಿಯ ಒಳಜಾಲಕ್ಕೆ ಸೇರಿಸುವ ಹಳೆಯ ವಿಪಿಎನ್ ಇನ್ನೊಂದು ಕಾಟ. ಫೈಬರಿನಿಂದ 4ಜಿಗೆ ದಾಟಿದೊಡನೆ ಸಂಪರ್ಕ ಕಡಿದು ಮತ್ತೆ ಓಟಿಪಿ ಕೇಳುತ್ತಿತ್ತು, ಓಟಿಪಿ ಬರಲು ನಾಲ್ಕು ನಿಮಿಷ, ಐದು ನಿಮಿಷದ ಆನ್‌ಕಾಲ್ ಗಡುವು ಅದರಲ್ಲೇ ಮುಗಿಯುತ್ತಿತ್ತು. ವೈರ್‌ಗಾರ್ಡ್ ಆಧಾರಿತ ವಿಪಿಎನ್‌ಗೆ ಬದಲಾಯಿಸಿದ ಮೇಲೆ ಐಪಿ ವಿಳಾಸ ಬದಲಾದರೂ ಸಂಪರ್ಕ ಮುಂದುವರಿಯಿತು. ಒಟ್ಟು ಖರ್ಚು 52 ಸಾವಿರ ರೂಪಾಯಿ, 30 ಸಾವಿರ ಕಂಪನಿಯದ್ದು. ಮೂರು ತಿಂಗಳ ಪಿಜಿಗೂ ಬಸ್ಸಿಗೂ ಹೋಗಿದ್ದು ಹೆಚ್ಚುಕಡಿಮೆ ಇಷ್ಟೇ.

ವಾರದ ಲೆಕ್ಕ ಬಿಟ್ಟು ವರ್ಷದ ಲೆಕ್ಕ

‘ವಾರಕ್ಕೆ 3 ದಿನ’ ಎಂಬುದು ಮೆಟ್ರೋ ದೂರದಲ್ಲಿರುವವರಿಗೆ ಹೊಂದುವ ಅಳತೆ. ಏಳು ಗಂಟೆ ದೂರದವರಿಗೆ ಬೇರೆ ಅಳತೆ ಬೇಕು. 2024ರ ಜನವರಿಯಲ್ಲಿ ಬರಹದಲ್ಲಿ ಒಪ್ಪಂದವಾಯಿತು: ವರ್ಷಕ್ಕೆ ನಾಲ್ಕು ಸಲ ಬೆಂಗಳೂರು, ಪ್ರತಿ ಸಲ 8 ಕೆಲಸದ ದಿನ. ತ್ರೈಮಾಸಿಕ ಯೋಜನೆ, ಹೊಸಬರ ಮೊದಲ ವಾರ, ದೊಡ್ಡ ವಿನ್ಯಾಸದ ಚರ್ಚೆ ಆ ದಿನಗಳಿಗೇ ಮೀಸಲು. ಅದರಲ್ಲಿ ಒಂದು ಜುಲೈಯಲ್ಲಿ, ಈಕೆಯ ಆನ್‌ಕಾಲ್ ಸರದಿ ಬೀಳುವ ವಾರಕ್ಕೆ ಸರಿಯಾಗಿ.

ಉಳಿದ ಮಳೆದಿನಗಳಿಗೆ ಒಂದು ಸೂಚಕ ಬೇಕಿತ್ತು. ಊರಿನವರೆಲ್ಲ ನೋಡುವ ಸೂಚಕವನ್ನೇ ಹಿಡಿದರು: ಹವಾಮಾನ ಇಲಾಖೆ ಕೊಡಗಿಗೆ ಆರೆಂಜ್ ಅಲರ್ಟ್ ಕೊಟ್ಟರೆ, ಅಥವಾ ಜಿಲ್ಲಾಧಿಕಾರಿ ನಾಳೆ ಶಾಲೆಗೆ ರಜೆ ಎಂದರೆ, ಆನ್‌ಕಾಲ್ ಆ ಕ್ಷಣದಿಂದ ಹುಬ್ಬಳ್ಳಿಯವರಿಗೆ. ಕೇಳುವುದು, ಕ್ಷಮೆ ಕೋರುವುದು ಇಲ್ಲ. ಮಳೆ ದೀರ್ಘವಾಗುವಂತಿದ್ದರೆ ಕುಶಾಲನಗರದ ನೆಂಟರ ಮನೆ. ಮಡಿಕೇರಿಯಿಂದ 30 ಕಿ.ಮೀ. ಇಳಿದರೆ ಮಳೆ ಅರ್ಧಕ್ಕಿಂತ ಕಡಿಮೆ. ಆದರೆ ಹೋಗುವುದಿದ್ದರೆ ಹಿಂದಿನ ಸಂಜೆಯೇ ಹೋಗಬೇಕು. 2018ರ ಆಗಸ್ಟ್‌ನಲ್ಲಿ ಗುಡ್ಡ ಕುಸಿದು ರಸ್ತೆಗಳೇ ಇಲ್ಲವಾದದ್ದನ್ನು ಕಂಡ ಜಿಲ್ಲೆಯಲ್ಲಿ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಬದಲಿಗೆ ದೀಪಾವಳಿಯ ವಾರ ಮತ್ತು ಡಿಸೆಂಬರ್ ಕೊನೆಯ ವಾರದ ಆನ್‌ಕಾಲ್ ಈಕೆಯದ್ದು. ಆಗ ಬೆಂಗಳೂರಿನವರೆಲ್ಲ ಊರಿಗೆ ಹೋಗಬೇಕೆನ್ನುತ್ತಾರೆ, ಇವರು ಊರಲ್ಲೇ ಇರುತ್ತಾರೆ. 

ಒಪ್ಪಂದದ ಮಾತುಕತೆಯಲ್ಲಿ ಇನ್ನೊಂದು ಸಂಗತಿ ಹೊರಬಂತು. ಕುಯ್ಲಿನ ಕಾಲದಲ್ಲಿ, ಡಿಸೆಂಬರಿನಿಂದ ಫೆಬ್ರವರಿವರೆಗೆ, ಸಂಜೆ ನಾಲ್ಕೂವರೆಗೆ ಕಾಫಿ ಹಣ್ಣಿನ ತೂಕ. ಕುಯ್ದವರಿಗೆ ಕೆಜಿ ಲೆಕ್ಕದಲ್ಲಿ ಕೂಲಿ, ಆದ್ದರಿಂದ ತಕ್ಕಡಿಯ ಹತ್ತಿರ ಮನೆಯವರೊಬ್ಬರು ನಿಲ್ಲಲೇಬೇಕು, ತಂದೆಗೆ ಈಗ ಆಗುವುದಿಲ್ಲ. ಸ್ಟ್ಯಾಂಡಪ್ (ತಂಡದ ದಿನದ ಚಿಕ್ಕ ಸಭೆ) ಕೂಡ ನಾಲ್ಕೂವರೆಗೇ. ಮೂರು ಕುಯ್ಲು ಈಕೆ ಕಿವಿಗೆ ಇಯರ್‌ಫೋನ್, ಕೈಯಲ್ಲಿ ಚೀಟಿ ಪುಸ್ತಕ, ಮೈಕ್ ಮ್ಯೂಟ್ ಮಾಡಿಕೊಂಡು ಎರಡನ್ನೂ ನಡೆಸಿದ್ದರು. ಒಮ್ಮೆ ಮ್ಯೂಟ್ ಮರೆತು ‘ನಲವತ್ತೆಂಟೂವರೆ, ಬರ್ಕೊಳ್ಳಿ’ ಎಂಬುದು ಸಭೆಗೆ ಕೇಳಿ, ಯಾವ ಟಿಕೆಟ್ (ಕೆಲಸದ ಸಂಖ್ಯೆ) ಅದು ಎಂದು ಯಾರೋ ಕೇಳಿದ್ದರಂತೆ. ಈಗ ಕ್ಯಾಲೆಂಡರಿನಲ್ಲಿ 4.15ರಿಂದ 5.15 ‘ತೂಕ’ ಎಂದೇ ಬರೆದಿದೆ. ಸ್ಟ್ಯಾಂಡಪ್ 11.30ಕ್ಕೆ ಹೋಯಿತು, ಬೆಂಗಳೂರಿನವರಿಗೂ ಅದೇ ಅನುಕೂಲವಾಯಿತು.

2024ರ ಮಳೆಗಾಲ

ಅತಿ ದೀರ್ಘ ಕರೆಂಟ್ ಕಡಿತ 41 ಗಂಟೆ. ಜನರೇಟರ್ ಎರಡು ಸಲ ಓಡಿತು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಕಳೆದುಹೋದ ಕೆಲಸದ ಹೊತ್ತು ಒಟ್ಟು 5 ಗಂಟೆ, ಅದರಲ್ಲಿ ಮೂರು ಕೇಬಲ್ ಮೇಲೆ ಹಲಸಿನ ಕೊಂಬೆ ಬಿದ್ದ ದಿನದ್ದು. ಆಗಸ್ಟಿನ ಒಂದು ರಿಲೀಸಿನಲ್ಲಿ ಈಕೆಯ ಸದ್ದು ನಿಂತಿತು. ಹನ್ನೊಂದನೇ ನಿಮಿಷಕ್ಕೆ ಕಾವಲಿನಲ್ಲಿದ್ದ ಕಿರಿಯ ಸಹೋದ್ಯೋಗಿ ಕೇಳದೆ ಕೈಗೆತ್ತಿಕೊಂಡು 14 ಹೆಜ್ಜೆಯ ಹಾಳೆಯಲ್ಲಿ ಮುಗಿಸಿದರು. 25ನೇ ನಿಮಿಷಕ್ಕೆ ಈಕೆ 4ಜಿಯಲ್ಲಿ ಮರಳಿದಾಗ ಮಾಡಲು ಏನೂ ಉಳಿದಿರಲಿಲ್ಲ.

ಸರಿಹೋಗದ್ದೂ ಇದೆ. ಬೆಂಗಳೂರಿನಲ್ಲಿ ಸೇರಿದ ಹೊಸಬರು ಅನುಮಾನ ಬಂದರೆ ಪಕ್ಕದ ಕುರ್ಚಿಯವರನ್ನೇ ಕೇಳುತ್ತಿದ್ದರು. ದಿನಾ ಅರ್ಧ ಗಂಟೆ ‘ಬಾಗಿಲು ತೆರೆದ’ ಕಾಲ್ ಇಟ್ಟರು, ಯಾರೂ ಬರಲಿಲ್ಲ, ಆರು ವಾರಕ್ಕೆ ಬಿಟ್ಟರು. ವಾರಕ್ಕೆರಡು ಸಲ ಜೋಡಿಯಾಗಿ ಕೋಡ್ ರಿವ್ಯೂ ಮಾಡುವುದು ನಿಂತಿತು ಎನ್ನಬಹುದಾದಷ್ಟು ನಿಧಾನವಾಗಿದೆ, ಆದರೂ ನಡೆಯುತ್ತಿದೆ. ಆ ವರ್ಷದ ಬಡ್ತಿ ಚರ್ಚೆಯಲ್ಲಿ ಈಕೆಯ ಹೆಸರು ಬರಲಿಲ್ಲ. ಕಣ್ಣೆದುರು ಬೆಂಕಿ ಆರಿಸಿದವರ ಹೆಸರು ಬಂತು, ಬೆಂಕಿ ಹತ್ತದ ಹಾಗೆ ಮಾಡಿದವರದ್ದು ಬರಲಿಲ್ಲ. ಮ್ಯಾನೇಜರ್ ಇದನ್ನು ಒಪ್ಪಿಕೊಂಡಿದ್ದಾರೆ, ಉಪಾಯ ಇನ್ನೂ ಸಿಕ್ಕಿಲ್ಲ.

ಸೆಪ್ಟೆಂಬರಿನಲ್ಲಿ ಹುಬ್ಬಳ್ಳಿಯವರು ತಮಗೂ ಇಂಥದ್ದೇ ಒಪ್ಪಂದ ಬೇಕೆಂದು ಕೇಳಿದರು. ಈ ಪಟ್ಟಿಯನ್ನು ಅವರ ಮುಂದಿಟ್ಟಾಗ ಬ್ಯಾಟರಿ, 4ಜಿ ಕಂಬ, ಶಾಲೆ ರಜೆಯ ಸೂಚಕ ಯಾವುದೂ ಅವರಿಗೆ ಬೇಕಿರಲಿಲ್ಲ. ಅವರದ್ದು ಎರಡು ಕೋಣೆಯ ಮನೆ, ಇಬ್ಬರು ಚಿಕ್ಕ ಮಕ್ಕಳು. ಕರೆಂಟ್ ಹೋಗುವುದೇ ಅಪರೂಪ, ಸದ್ದು ಹೋಗುವುದೇ ಇಲ್ಲ. ಹತ್ತು ನಿಮಿಷದ ನಿಯಮ, ಗುಂಡಿ ಒತ್ತುವ ಮೈಗ್ರೇಶನ್, ಕ್ಯಾಲೆಂಡರಿನಲ್ಲಿ ಮುಚ್ಚುಮರೆಯಿಲ್ಲದೆ ಬರೆದ ಒಂದು ಗಂಟೆ, ಈ ಮೂರನ್ನು ಇಟ್ಟುಕೊಂಡರು. ಬ್ಯಾಟರಿಗೂ ಕಂಬಕ್ಕೂ ಹೋಗದೆ ಉಳಿದ ಹಣದಲ್ಲಿ ಮನೆಯಿಂದ ಎರಡು ಬೀದಿ ಆಚೆ ಒಂದು ಕೋಣೆ ಬಾಡಿಗೆಗೆ ಕೇಳಿದ್ದಾರೆ.